ಬೇಲಿಯ ತೂತಿನಲ್ಲಿ ನರಿಯ ಬಾಯಿ

ಪ್ರಶ್ನೆ: ನಾವು ದೃಶ್ಯಕಲೆ ಓದುತ್ತಿರುವ ನಾಲ್ವರು ಗೆಳತಿಯರು. ಕೊನೆಯ ವರ್ಷದ ಪ್ರಾಜೆಕ್ಟಿಗೆ ಪ್ರೊಪಗಾಂಡಾ ಮತ್ತು ಸುಳ್ಳುಸುದ್ದಿಯ ಬಗ್ಗೆ ಮೂರು ನಿಮಿಷದ ವಿಡಂಬನೆಯ ಅನಿಮೇಷನ್ ಮಾಡುತ್ತಿದ್ದೇವೆ. ಎರಡನೇ ಮಹಾಯುದ್ಧದ ಕಾಲದ ಡಿಸ್ನಿ ಚಿತ್ರಗಳನ್ನು ನೋಡಿ ಎಂದು ನಮ್ಮ ಗೈಡ್ ಹೇಳಿದರು. ನೋಡಿದೆವು, ನಕ್ಕೆವು, ಆಮೇಲೆ ತಲೆಬಿಸಿ ಶುರುವಾಯಿತು. ಅವೂ ಒಂದು ಸರ್ಕಾರದ ಪರವಾಗಿ ಮಾಡಿದ ಪ್ರಚಾರವೇ ಅಲ್ಲವೇ ಸರ್? ಪ್ರಚಾರವನ್ನು ಗೇಲಿ ಮಾಡುವ ಚಿತ್ರ ತಾನೇ ಪ್ರಚಾರವಾಗದಂತೆ ನೋಡಿಕೊಳ್ಳುವುದು ಹೇಗೆ? ನಮ್ಮ ಕಥೆಯಲ್ಲಿ ಕಿರುಚಾಡುವ ಟಿವಿ ನಿರೂಪಕನೊಬ್ಬ ಖಳ. ಕೊನೆಯಲ್ಲಿ ಅವನ ಮುಖವಾಡ ಕಳಚಿ ಬೀಳುತ್ತದೆ. ಇಷ್ಟು ಸಾಕೇ?

ಉತ್ತರ: ನಿಮ್ಮ ತಲೆಬಿಸಿ ಸರಿಯಾದ ಜಾಗದಲ್ಲೇ ಶುರುವಾಗಿದೆ. ಹೌದು, ಅವೂ ಪ್ರಚಾರ ಚಿತ್ರಗಳೇ. ಆ ವರ್ಷಗಳಲ್ಲಿ ಡಿಸ್ನಿ ಸ್ಟುಡಿಯೋದಲ್ಲಿ ನಡೆಯುತ್ತಿದ್ದ ಕೆಲಸದ ಬಹುಪಾಲು ಅಮೆರಿಕದ ಸೇನೆಗೆ, ಸರ್ಕಾರದ ಇಲಾಖೆಗಳಿಗೆ ಸೇರಿದ್ದು. 1942ರಲ್ಲಿ ಡೊನಾಲ್ಡ್ ಡಕ್ ತೆರೆಯ ಮೇಲೆ ಬಂದು ಆದಾಯ ತೆರಿಗೆಯನ್ನು ಹೊತ್ತಿಗೆ ಸರಿಯಾಗಿ ಕಟ್ಟಿ ಎಂದು ಜನರನ್ನು ಒಪ್ಪಿಸಿದ್ದು ಖಜಾನೆ ಇಲಾಖೆಯ ಕೋರಿಕೆಯ ಮೇಲೆ. ಆದರೆ ಒಂದೇ ಒಲೆಯಲ್ಲಿ ಬೆಂದ ರೊಟ್ಟಿಗಳೆಲ್ಲ ಒಂದೇ ಹದಕ್ಕೆ ಬಂದಿರುವುದಿಲ್ಲ. ಆ ಚಿತ್ರಗಳಲ್ಲಿ ಕೆಲವು ಯುದ್ಧದ ಜೊತೆಗೇ ಸತ್ತವು, ಕೆಲವು ಇವತ್ತಿಗೂ ಚುರುಕು ಮುಟ್ಟಿಸುತ್ತವೆ. ನಗು ಯಾರ ಮೇಲೆ ಬೀಳುತ್ತದೆ ಅನ್ನುವುದರಲ್ಲಿ ಆ ವ್ಯತ್ಯಾಸ ಇದೆ ಅನ್ನುವುದು ನನ್ನ ಲೆಕ್ಕ.

ನಿಮ್ಮ ಕೊನೆಯ ಪ್ರಶ್ನೆಗೆ ಮೊದಲೇ ಹೇಳಿಬಿಡುತ್ತೇನೆ: ಸಾಲದು. ನಿರೂಪಕನನ್ನು ಕಥೆಯಿಂದ ಓಡಿಸಿ ಅನ್ನುತ್ತಿಲ್ಲ, ಸ್ವಲ್ಪ ಹೊತ್ತು ಪಕ್ಕಕ್ಕೆ ಕೂರಿಸಿ. ಅಷ್ಟರಲ್ಲಿ ಒಂದು ಚಿತ್ರವನ್ನು ನಿಧಾನಕ್ಕೆ ನೋಡೋಣ.

ಚಿತ್ರದ ಹೆಸರು ‘ಚಿಕನ್ ಲಿಟ್ಲ್’. 2005ರಲ್ಲಿ ಇದೇ ಹೆಸರಿನಲ್ಲಿ ಬಂದ ಉದ್ದದ ಚಿತ್ರವಲ್ಲ. 1943ರ ಡಿಸೆಂಬರಿನದು, ಕ್ಲೈಡ್ ಜೆರೊನಿಮಿ ನಿರ್ದೇಶಿಸಿದ್ದು, ಹತ್ತು ನಿಮಿಷ ಕೂಡ ಇಲ್ಲ. ಒಂದು ಕೋಳಿ ಅಂಗಳ. ಸುತ್ತ ಎತ್ತರದ ಮರದ ಬೇಲಿ, ಬೀಗ ಹಾಕಿದ ಗೇಟು, ಯಜಮಾನನ ಬಂದೂಕು. ಒಳಗೆ ಕೋಳಿ, ಬಾತು, ಹೆಬ್ಬಾತು, ಟರ್ಕಿ ಕೋಳಿ ಎಲ್ಲ ತಂತಮ್ಮ ಗುಂಪು ಕಟ್ಟಿಕೊಂಡು ಸುಖವಾಗಿವೆ. ಅಂಗಳಕ್ಕೊಬ್ಬ ಹಿರಿಯ, ಕಾಕಿ ಲಾಕಿ ಎಂಬ ಹುಂಜ. ಹೊರಗೆ ಹಸಿದ ನರಿ. ಒಂದು ಕೋಳಿಯನ್ನು ಕದ್ದು ಓಡುವುದು ನರಿಗೆ ಕಷ್ಟವಲ್ಲ. ಎಲ್ಲವನ್ನೂ ಒಟ್ಟಿಗೆ ತಿನ್ನಬಹುದಾದಾಗ ಒಂದಕ್ಕೇ ಯಾಕೆ ತೃಪ್ತಿಪಡಬೇಕು? ಅದರ ಕೈಯಲ್ಲೊಂದು ಪುಸ್ತಕ, ಮನಶ್ಶಾಸ್ತ್ರದ್ದು. ಮೊದಲ ಯೋಜನೆಯಲ್ಲಿ ಅದು ಹಿಟ್ಲರನ ‘ಮೈನ್ ಕಾಂಫ್’ ಆಗಿತ್ತು. ಕೊನೆಗೆ ರಟ್ಟನ್ನು ಬದಲಿಸಿದರು. ಎಷ್ಟು ಒಳ್ಳೆಯ ಕೆಲಸ ಮಾಡಿದರು ನೋಡಿ! ಹಿಟ್ಲರನ ಹೆಸರು ಇದ್ದಿದ್ದರೆ ‘ಅದು ಅವರ ಕಥೆ’ ಎಂದು ನಾವು ಆರಾಮಾಗಿ ಕಾಲು ಚಾಚಿ ಕೂತಿರುತ್ತಿದ್ದೆವು.

ಗುಂಪನ್ನು ಅಲುಗಿಸಬೇಕಾದರೆ ಅದರಲ್ಲಿ ಬುದ್ಧಿ ಕಡಿಮೆ ಇರುವವನನ್ನು ಮೊದಲು ಹಿಡಿ ಅನ್ನುತ್ತದೆ ಪುಸ್ತಕ. ಯೋ-ಯೋ ಆಡುತ್ತಿರುವ ಚಿಕನ್ ಲಿಟ್ಲ್ ಎಂಬ ಕೋಳಿಮರಿ ಕಣ್ಣಿಗೆ ಬೀಳುತ್ತಾನೆ. ನರಿ ಒಂದು ಮರದ ಫಲಕದಿಂದ ನಕ್ಷತ್ರದ ಚೂರನ್ನು ಮುರಿದು ಅವನ ತಲೆಯ ಮೇಲೆ ಬೀಳಿಸುತ್ತದೆ. ಬೇಲಿಯ ತೂತಿಗೆ ಬಾಯಿಟ್ಟು, ರೇಡಿಯೋ ವಾರ್ತೆಯ ಗತ್ತಿನಲ್ಲಿ, ಆಕಾಶ ಕಳಚಿ ಬೀಳುತ್ತಿದೆ, ಯಾರೂ ಗಾಬರಿಯಾಗಬೇಡಿ, ಜೀವ ಉಳಿಸಿಕೊಳ್ಳಲು ಓಡಿ ಅನ್ನುತ್ತದೆ. ಗಾಬರಿಯಾಗಬೇಡಿ, ಓಡಿ: ಎರಡೂ ಒಂದೇ ಉಸಿರಿನಲ್ಲಿ. ಇವತ್ತಿನ ಬ್ರೇಕಿಂಗ್ ನ್ಯೂಸನ್ನು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನು ಮುಂದಿನದು ನನ್ನ ಪ್ರಕಾರ ಚಿತ್ರದ ಜೀವಾಳ. ಮರಿ ಊರೆಲ್ಲ ಕೂಗಿಕೊಂಡು ಓಡುತ್ತದೆ, ಅಂಗಳ ಗದ್ದಲವೇಳುತ್ತದೆ. ಆಗ ಹುಂಜ ಬಂದು ಆ ‘ಆಕಾಶದ ಚೂರ’ನ್ನು ಎತ್ತಿ ನೋಡಿ, ಇದು ಆಕಾಶವಲ್ಲ, ಮರದ ತುಂಡು ಅನ್ನುತ್ತಾನೆ. ಅಷ್ಟೇ. ಎಲ್ಲ ನಕ್ಕು ಮನೆಗೆ ಹೋಗುತ್ತಾರೆ. ಇವತ್ತಿನ ಭಾಷೆಯಲ್ಲಿ ಹೇಳುವುದಾದರೆ ಫ್ಯಾಕ್ಟ್ ಚೆಕ್ ಆಯಿತು, ಸುಳ್ಳು ಸತ್ತಿತು. ನಾನೂ ನೀವೂ ಬರೆದಿದ್ದರೆ ಚಿತ್ರವನ್ನು ಇಲ್ಲಿಗೇ ಮುಗಿಸುತ್ತಿದ್ದೆವು. ನಿಮ್ಮ ಮುಖವಾಡ ಕಳಚುವ ದೃಶ್ಯ ಇದೇ ತಾನೆ?

ನರಿ ಮಾತ್ರ ಪುಸ್ತಕದ ಮುಂದಿನ ಪುಟ ತೆರೆಯುತ್ತದೆ. ಜನರಿಗೆ ತಮ್ಮ ಮುಂದಾಳುಗಳ ಮೇಲಿರುವ ನಂಬಿಕೆಯ ಬುಡ ಅಲ್ಲಾಡಿಸು ಎಂದಿದೆ ಅಲ್ಲಿ. ಗಮನಿಸಿ, ಮರದ ತುಂಡು ಆಕಾಶವೇ ಹೌದು ಎಂದು ಸಾಧಿಸಲು ಅದು ಹೋಗುವುದೇ ಇಲ್ಲ. ಆಕಾಶದ ವಿಷಯ ಬಿಟ್ಟುಕೊಟ್ಟು ಹುಂಜನ ವಿಷಯ ಎತ್ತಿಕೊಳ್ಳುತ್ತದೆ. ಬೇಲಿಯುದ್ದಕ್ಕೂ ಒಂದೊಂದು ತೂತಿಗೂ ಹೋಗಿ, ಒಂದೊಂದು ಗುಂಪಿಗೆ ಆ ಗುಂಪಿನ ಬಾಯಿಗೆ ಒಗ್ಗುವ ಮಾತಿನಲ್ಲಿ ಪಿಸುಗುಡುತ್ತದೆ: ಹುಂಜನಿಗೆ ತಲೆ ನೆಟ್ಟಗಿಲ್ಲವಂತೆ, ಅವನದು ಸರ್ವಾಧಿಕಾರವಂತೆ, ಅವನು ಹೇಳಿದ್ದು ತಪ್ಪಾಗಿದ್ದರೆ ನಮ್ಮ ಗತಿ ಏನಂತೆ. ಒಂದು ಗುಂಪು ಇನ್ನೊಂದಕ್ಕೆ ಹೇಳುವಾಗ ನರಿ ಅಲ್ಲಿರುವುದೇ ಇಲ್ಲ. ಆ ‘ಅಂತೆ’ಯನ್ನು ಅಂಗಳವೇ ಸಾಕಿ ಬೆಳೆಸುತ್ತದೆ.

ಕೊನೆಗೆ ನರಿ ಮರಿಗೆ ಮುಖಸ್ತುತಿಯ ಒಗ್ಗರಣೆ ಹಾಕುತ್ತದೆ: ನೀನು ಹುಟ್ಟು ನಾಯಕ. ಮರಿ ಎದೆಯುಬ್ಬಿಸಿ ಹುಂಜನಿಗೆ ಎದುರು ನಿಲ್ಲುತ್ತದೆ. ಆಕಾಶ ಬೀಳುತ್ತಿದ್ದರೆ ನನ್ನ ತಲೆಯ ಮೇಲೆ ಯಾಕೆ ಬೀಳುತ್ತಿಲ್ಲ ಎಂದು ಹುಂಜ ಕೇಳುವುದಕ್ಕೂ, ಬೇಲಿಯಾಚೆಯಿಂದ ನರಿ ಗುರಿಯಿಟ್ಟ ನಕ್ಷತ್ರ ಅವನ ನೆತ್ತಿಗೆ ಬಡಿಯುವುದಕ್ಕೂ ಸರಿಹೋಗುತ್ತದೆ. ಮುಗಿಯಿತು. ಎಲ್ಲವೂ ಹೊಸ ನಾಯಕನ ಹಿಂದೆ, ಅಂದರೆ ನರಿ ಹೇಳಿದ ಗುಹೆಯೊಳಗೆ.

ಈ ಹೊತ್ತಿಗೆ ಕಥೆ ಹೇಳುತ್ತಿರುವ ದನಿ ನಮಗೆ ಧೈರ್ಯ ಹೇಳುತ್ತದೆ, ಹೆದರಬೇಡಿ, ಕೊನೆಯಲ್ಲಿ ಎಲ್ಲ ಸರಿಹೋಗುತ್ತದೆ ಎಂದು. ತೆರೆಯ ಮೇಲೆ ಉಂಡು ಹೊಟ್ಟೆಯುಬ್ಬಿದ ನರಿ ಕೋಳಿಯ ಎದೆಗೂಡಿನ ಮೂಳೆಗಳನ್ನು ಸಮಾಧಿಗಲ್ಲುಗಳ ಹಾಗೆ ಸಾಲಾಗಿ ನೆಡುತ್ತಿದೆ. ತಡಿ, ನನ್ನ ಪುಸ್ತಕದಲ್ಲಿ ಕಥೆ ಹೀಗೆ ಮುಗಿಯುವುದಿಲ್ಲ ಎಂದು ಆ ಕಥೆ ಹೇಳುವವ ತೊದಲುತ್ತಾನೆ. ಓದಿದ್ದನ್ನೆಲ್ಲ ನಂಬಬೇಡ ಎಂದು ನರಿ ಅವನಿಗೇ ಬುದ್ಧಿ ಹೇಳುತ್ತದೆ. ಯಕ್ಷಗಾನದಲ್ಲಿ ಹಾಸ್ಯಗಾರ ಭಾಗವತರ ಕಡೆ ತಿರುಗಿ, ‘ನಿಮ್ಮ ಪ್ರಸಂಗ ಪುಸ್ತಕದಲ್ಲಿ ಹಾಗಿರಬಹುದು ಸ್ವಾಮಿ, ರಂಗಸ್ಥಳದಲ್ಲಿ ಹೀಗೆ’ ಅಂದರೆ ಹೇಗಿರುತ್ತದೋ ಹಾಗೆ. ಭಾಗವತರ ಮಾತನ್ನು ನಂಬಿ ಕೂತಿದ್ದ ನಾವೂ ಆ ಕೋಳಿಗಳ ಜೊತೆ ಗುಹೆಯೊಳಗೇ ಇದ್ದೆವು ಅನ್ನುವುದು ಆ ಹೊತ್ತಿಗೆ ತಿಳಿಯುತ್ತದೆ.

ಈಗ ಇದರ ಪಕ್ಕದಲ್ಲಿ ‘ಡೆರ್ ಫ್ಯೂರರ್ಸ್ ಫೇಸ್’ ಇಟ್ಟು ನೋಡಿ. 1943ರ ಜನವರಿ 1ರಂದು ಬಿಡುಗಡೆಯಾದದ್ದು, ಜ್ಯಾಕ್ ಕಿನ್ನೀ ನಿರ್ದೇಶನ, ಆಸ್ಕರ್ ಕೂಡ ಬಂತು. ಡೊನಾಲ್ಡ್ ನಾಜಿ ದೇಶದಲ್ಲಿ ಎದ್ದಿರುತ್ತಾನೆ. ತಿಂಡಿಗೆ ಗರಗಸದಲ್ಲಿ ಕೊಯ್ಯಬೇಕಾದ ಬ್ರೆಡ್ಡು, ದಾರಕ್ಕೆ ಕಟ್ಟಿದ ಒಂದೇ ಒಂದು ಕಾಫಿಬೀಜವನ್ನು ಬಿಸಿನೀರಿಗೆ ಅದ್ದಿ ತೆಗೆದರೆ ಕಾಫಿ. ಕಾರ್ಖಾನೆಯಲ್ಲಿ ಮದ್ದುಗುಂಡಿಗೆ ತಿರುಪು ಹಾಕುತ್ತಲೇ ನಡುವೆ ಬರುವ ಹಿಟ್ಲರನ ಪಟಗಳಿಗೆಲ್ಲ ಸಲ್ಯೂಟ್. ಟೈಮಿಂಗ್ ಕಲಿಯಲು ಆ ಕಾರ್ಖಾನೆಯ ದೃಶ್ಯಕ್ಕಿಂತ ಒಳ್ಳೆಯ ಪಾಠವಿಲ್ಲ, ನಾನೇ ತರಗತಿಯಲ್ಲಿ ಎಷ್ಟೋ ಸಲ ತೋರಿಸಿದ್ದೇನೆ. ಆದರೆ ಕೊನೆಯಲ್ಲಿ ಡೊನಾಲ್ಡ್ ಕನಸಿನಿಂದ ಎದ್ದು ಲಿಬರ್ಟಿ ಪ್ರತಿಮೆಯ ಪುಟ್ಟ ಬೊಂಬೆಯನ್ನು ತಬ್ಬಿಕೊಂಡು, ಅಮೆರಿಕದ ಪ್ರಜೆಯಾಗಿದ್ದಕ್ಕೆ ಧನ್ಯನಾಗುತ್ತಾನೆ. ಪ್ರೇಕ್ಷಕನೂ ಧನ್ಯ. ಮೂರ್ಖರು ಅಲ್ಲಿ, ಜಾಣರು ಇಲ್ಲಿ. ಜಪಾನೀಯರನ್ನು ಬರೆದ ರೀತಿಯಂತೂ ಇವತ್ತು ನೋಡಿದರೆ ಮೈ ಹಿಡಿಯಾಗುತ್ತದೆ. ಅದು ನಾಯಕನ ಮೇಲಿನ ವ್ಯಂಗ್ಯವಲ್ಲ, ಒಂದು ಜನಾಂಗದ ಹಲ್ಲು ಮತ್ತು ಕಣ್ಣಿನ ಮೇಲಿನ ಹೀಯಾಳಿಕೆ.

ಅದೇ ಬಾತುಕೋಳಿಯನ್ನು ಎದುರು ಪಾಳೆಯವೂ ಕದ್ದು ಬಳಸಿತು. 1944ರಲ್ಲಿ ನಾಜಿಗಳ ಕೈಕೆಳಗಿದ್ದ ಫ್ರಾನ್ಸಿನಲ್ಲಿ ‘ನಿಂಬುಸ್ ಲಿಬೆರೆ’ ಎಂಬ ಪುಟ್ಟ ಚಿತ್ರ ಬಂತು. ಲಂಡನ್ ರೇಡಿಯೋ ಕೇಳಿ ಬಿಡುಗಡೆ ಬಂತೆಂದು ಹಿಗ್ಗುವ ಫ್ರೆಂಚ್ ಕುಟುಂಬ. ಬಿಡುಗಡೆ ಬರುವುದು ಬಾಂಬಿನ ರೂಪದಲ್ಲಿ, ವಿಮಾನ ಓಡಿಸುತ್ತಿರುವವರು ಮಿಕ್ಕಿ, ಡೊನಾಲ್ಡ್, ಪಾಪಾಯ್. ರೇಡಿಯೋದವನನ್ನು ಯೆಹೂದಿಗಳ ಕೀಳು ವ್ಯಂಗ್ಯಚಿತ್ರದಂತೆ ಬರೆದಿದ್ದಾರೆ. ಮಿತ್ರಪಡೆಗಳ ಬಾಂಬಿಗೆ ಫ್ರೆಂಚ್ ನಾಗರಿಕರು ಸಾಯುತ್ತಿದ್ದದ್ದು ನಿಜವೇ. ಆ ನಿಜವನ್ನು ಹಿಡಿಯಾಗಿ ಮಾಡಿಕೊಂಡು ಕೊಡಲಿ ಕೆತ್ತಿದ್ದಾರೆ. ಅಪಪ್ರಚಾರ ಅಂದರೆ ಬರೀ ಸುಳ್ಳು ಎಂದುಕೊಂಡವರಿಗೆ ಇದನ್ನು ತೋರಿಸಬೇಕು. ಹೀಗಾಗಿ ನೀವು ಕೇಳಿದ ‘ಪ್ರಚಾರವಾಗದಂತೆ ಹೇಗೆ’ ಎಂಬುದಕ್ಕೆ ಶೈಲಿಯಲ್ಲಿ ಉತ್ತರ ಸಿಗುವುದಿಲ್ಲ. ಪೆನ್ಸಿಲ್ಲು, ಲಯ, ಉತ್ಪ್ರೇಕ್ಷೆ ಇಬ್ಬರದೂ ಒಂದೇ. ಗೊಂಬೆಯೂ ಒಂದೇ.

ನಿಮಗೆ ಹೆಚ್ಚು ಹತ್ತಿರದ ಚಿತ್ರ, ನನಗೆ ಕೇಳಿದರೆ, ಡಿಸ್ನಿಯದಲ್ಲ. ಅಮೆರಿಕದ ಸೈನಿಕರಿಗೆ ಮಾತ್ರ ತೋರಿಸಲು ವಾರ್ನರ್ ಬ್ರದರ್ಸ್ ಸ್ಟುಡಿಯೋ 1943ರಿಂದ 45ರವರೆಗೆ ‘ಪ್ರೈವೇಟ್ ಸ್ನಾಫು’ ಎಂಬ ಸರಣಿ ಮಾಡಿತು. ಹಾಲಿವುಡ್ ನಿರ್ದೇಶಕ ಫ್ರ್ಯಾಂಕ್ ಕಾಪ್ರಾ ಮೇಲುಸ್ತುವಾರಿ, ಬರೆದವರಲ್ಲಿ ಡಾಕ್ಟರ್ ಸೂಸ್ ಎಂದು ಮಕ್ಕಳಿಗೆಲ್ಲ ಗೊತ್ತಿರುವ ಥಿಯೊಡೋರ್ ಗೈಸೆಲ್, ದನಿ ಮೆಲ್ ಬ್ಲಾಂಕ್. ಸ್ನಾಫು ಒಬ್ಬ ಸೋಮಾರಿ, ಬಾಯಿಬಡುಕ ಸಿಪಾಯಿ. 1943ರ ಕೊನೆಗೆ ಬಂದ ‘ರೂಮರ್ಸ್’ ಎಂಬ ಕಂತಿನಲ್ಲಿ ವದಂತಿ ಹುಟ್ಟುವುದು ಎಲ್ಲಿ ಗೊತ್ತೇ? ಕಕ್ಕಸಿನಲ್ಲಿ. ಪಕ್ಕದಲ್ಲಿ ಕೂತವನು ಹವಾಮಾನದ ಬಗ್ಗೆ ಆಡಿದ ಒಂದು ಮಾತು, ಬಾಂಬು ಹಾಕಲು ಒಳ್ಳೆಯ ದಿನ ಅನ್ನುವಂಥದ್ದು, ಸ್ನಾಫುವಿನ ತಲೆಯೊಳಗೆ ಬೆಂದು ಉಬ್ಬಿ ಹೊರಗೆ ಬರುತ್ತದೆ. ಬಾಯಿಂದ ಬಾಯಿಗೆ ಹೋಗಿ, ರೆಕ್ಕೆ ಕಟ್ಟಿಕೊಂಡ ಮಾಂಸದ ಸಾಸೇಜುಗಳಾಗಿ ಶಿಬಿರದ ತುಂಬ ಹಾರುತ್ತದೆ. ಕೊನೆಗೆ ಇಡೀ ಶಿಬಿರಕ್ಕೆ ವದಂತಿರೋಗ ತಗುಲಿ, ಬೀಗ ಜಡಿಯುತ್ತಾರೆ.

ಆ ಚಿತ್ರದಲ್ಲಿ ನರಿಯೂ ಇಲ್ಲ, ಶತ್ರುವೂ ಇಲ್ಲ. ಯಾರೂ ಬೇಕೆಂದು ಸುಳ್ಳು ಹೇಳುವುದಿಲ್ಲ. ನೋಡುತ್ತ ಕೂತ ಸಿಪಾಯಿ ತನ್ನನ್ನೇ ನೋಡಿ ನಗುತ್ತಾನೆ. ದೊಡ್ಡ ಭಾಷಣವಿಲ್ಲದೆ ಒಂದು ಸೇನೆ ತನ್ನ ಸೈನಿಕನಿಗೆ ‘ನಿನ್ನ ಬಾಯಿಯೇ ತೊಂದರೆ’ ಎಂದು ಹೇಳಿದ ಬಗೆ ಅದು.

ಅಂದಹಾಗೆ, ಹಾರುವ ಸಾಸೇಜು ಯಾಕೆ? ಅಮೆರಿಕದ ಆಡುಮಾತಿನಲ್ಲಿ ‘ಬಲೋನಿ’ ಅಂದರೆ ಒಂದು ಬಗೆಯ ಸಾಸೇಜೂ ಹೌದು, ಬೊಗಳೆಯೂ ಹೌದು. ನುಡಿಗಟ್ಟನ್ನು ಅವರು ಅಕ್ಷರಶಃ ಬರೆದುಬಿಟ್ಟರು. ಈ ಐಡಿಯಾವನ್ನು ಕದಿಯಿರಿ, ಸಾಸೇಜನ್ನು ಕದಿಯಬೇಡಿ. ಕನ್ನಡದಲ್ಲಿ ನಾವು ಬುರುಡೆ ಬಿಡುತ್ತೇವೆ, ರೈಲು ಬಿಡುತ್ತೇವೆ, ಕಾಗೆ ಹಾರಿಸುತ್ತೇವೆ, ಕಿವಿಯ ಮೇಲೆ ಹೂವಿಡುತ್ತೇವೆ, ಕಡ್ಡಿಯನ್ನು ಗುಡ್ಡ ಮಾಡುತ್ತೇವೆ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುತ್ತೇವೆ. ಒಂದೊಂದೂ ತಯಾರಾಗಿ ಕೂತ ಸ್ಟೋರಿಬೋರ್ಡು, ಅಂದರೆ ದೃಶ್ಯಗಳನ್ನು ಸಾಲಾಗಿ ಬರೆದಿಟ್ಟ ಚಿತ್ರಪಟ್ಟಿ. ಬಾಯಿ ತೆರೆದರೆ ಕಾಗೆ ಹಾರುವ ಮನುಷ್ಯನನ್ನು ಒಮ್ಮೆ ಬರೆದು ನೋಡಿ. ಆಮೇಲೆ ನಿಮ್ಮ ನಿರೂಪಕನಿಗೆ ಕಿರುಚುವ ಅಗತ್ಯವೇ ಇರುವುದಿಲ್ಲ.

ಹಣದ ವಿಷಯ ಒಂದು ಹೇಳಬೇಕು. 1954ರಲ್ಲಿ ಲಂಡನ್ನಿನ ಹಾಲಾಸ್ ಮತ್ತು ಬ್ಯಾಚೆಲರ್ ಸ್ಟುಡಿಯೋ ಜಾರ್ಜ್ ಆರ್ವೆಲ್‌ನ ‘ಅನಿಮಲ್ ಫಾರ್ಮ್’ ಅನ್ನು ಅನಿಮೇಷನ್ ಮಾಡಿತು. ಕಾಗದದಲ್ಲಿ ನಿರ್ಮಾಪಕ ಲೂಯಿ ಡಿ ರಾಶ್‌ಮಾಂಟ್. ಹಿಂದಿನಿಂದ ಹಣ ಹರಿದದ್ದು ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎಯಿಂದ, ಅದು ಹೊರಬಿದ್ದದ್ದು ದಶಕಗಳ ನಂತರ. ಕಾದಂಬರಿಯ ಕೊನೆಯಲ್ಲಿ ಪ್ರಾಣಿಗಳು ಕಿಟಕಿಯಿಂದ ಇಣುಕಿ ಹಂದಿಯ ಮುಖ ಯಾವುದು, ಮನುಷ್ಯನ ಮುಖ ಯಾವುದು ಎಂದು ಗುರುತಿಸಲಾರದೆ ನಿಲ್ಲುತ್ತವೆ. ಇಬ್ಬರಿಗೂ ಒಟ್ಟಿಗೆ ಬಿದ್ದ ಏಟು ಅದು. ಚಿತ್ರದ ಕೊನೆಯಲ್ಲಿ ಪ್ರಾಣಿಗಳು ಹಂದಿಗಳ ಮೇಲೆ ತಿರುಗಿಬೀಳುತ್ತವೆ, ಮನುಷ್ಯ ಬಚಾವ್. ಸುಳ್ಳಿನ ವಿರುದ್ಧ ಬರೆದ ಕಥೆಯ ಬಾಲವನ್ನು ಗುಟ್ಟಾಗಿ ತಿರುಚಿದ್ದು, ಅದೂ ಪ್ರಾಮಾಣಿಕ, ಪ್ರತಿಭಾವಂತ ಕಲಾವಿದರ ಕೈಯಿಂದ. ನಿಮಗೂ ನಾಳೆ ಯಾರಾದರೂ ಹಣ ಕೊಡುತ್ತೇವೆ, ಕೊನೆಯ ಇಪ್ಪತ್ತು ಸೆಕೆಂಡು ಸ್ವಲ್ಪ ಬದಲಿಸಿ ಅಂದರೆ ಇದು ನೆನಪಿರಲಿ.

ಬದಲಿಸದೆ ನಿಂತ ಚಿತ್ರವೂ ಇದೆ. ಜೆಕ್ ಕಲಾವಿದ ಯಿರಿ ತ್ರ್ನ್‌ಕಾ 1965ರಲ್ಲಿ ಮಾಡಿದ ಗೊಂಬೆ ಚಿತ್ರ ‘ದಿ ಹ್ಯಾಂಡ್’. ತನ್ನ ಹೂವಿಗಾಗಿ ಕುಂಡ ಮಾಡುವ ಬಡ ಕುಂಬಾರ, ತನ್ನದೇ ಪ್ರತಿಮೆ ಮಾಡು ಎಂದು ಪೀಡಿಸುವ ದೈತ್ಯ ಕೈ. ಅವನನ್ನು ಒಲಿಸಲು ಅದು ಟಿವಿ ಕೊಡುತ್ತದೆ; ಟಿವಿಯ ತುಂಬ ಕೈಗಳೇ, ಇತಿಹಾಸವೆಲ್ಲ ಕೈಗಳದ್ದೇ. ಸುಳ್ಳನ್ನು ಒಂದೂ ಹೇಳದೆ, ಕಣ್ಣಿಗೆ ಬೇರೇನೂ ಬೀಳದಂತೆ ಮಾಡುವುದೂ ಪ್ರಚಾರ ಎಂದು ಇಷ್ಟು ಚಿಕ್ಕದಾಗಿ ಹೇಳಿದವರನ್ನು ನಾನು ಕಂಡಿಲ್ಲ. 1969ರಲ್ಲಿ ತ್ರ್ನ್‌ಕಾ ತೀರಿಕೊಂಡ ಮೇಲೆ ಅಲ್ಲಿನ ಸರ್ಕಾರ ಆ ಚಿತ್ರವನ್ನು ಬಚ್ಚಿಟ್ಟಿತು.

ಇನ್ನು ನಿಮ್ಮ ಚಿತ್ರಕ್ಕೆ ಬರೋಣ. ಆಕಾಶ ಬೀಳುವ ಕಥೆಗೆ ನಮ್ಮ ಕಡೆಯ ಅಣ್ಣನೊಬ್ಬನಿದ್ದಾನೆ, ಜಾತಕ ಕಥೆಯ ಮೊಲ. ಬಿಲ್ವದ ಮರದ ಬುಡದಲ್ಲಿ ಎಳೆಯ ತಾಳೆಯ ಕೆಳಗೆ ಮಲಗಿ, ಭೂಮಿ ಬಿರಿದರೆ ನನ್ನ ಗತಿಯೇನು ಎಂದು ಯೋಚಿಸುತ್ತಿರುವಾಗಲೇ ಹಣ್ಣೊಂದು ತಾಳೆಗರಿಯ ಮೇಲೆ ಧೊಪ್ಪೆಂದು ಬೀಳುತ್ತದೆ. ಮೊಲ ಓಡುತ್ತದೆ, ಅದರ ಹಿಂದೆ ಮೊಲಗಳ ಹಿಂಡು, ಜಿಂಕೆ, ಹಂದಿ, ಹುಲಿ, ಆನೆ. ಎಲ್ಲವೂ ಕಡಲಿಗೆ ಬೀಳುವ ಮುಂಚೆ ಸಿಂಹವೊಂದು ಅಡ್ಡ ನಿಂತು, ನೋಡಿದವರು ಯಾರು ಎಂದು ಕೇಳುತ್ತದೆ. ಅವರಿಗೆ ಗೊತ್ತು, ಇವರಿಗೆ ಗೊತ್ತು ಎಂದು ಒಬ್ಬರು ಇನ್ನೊಬ್ಬರನ್ನು ತೋರಿಸುತ್ತ ಪ್ರಶ್ನೆ ಮೊಲದವರೆಗೆ ಬರುತ್ತದೆ. ಸಿಂಹ ಮೊಲವನ್ನು ಬೆನ್ನ ಮೇಲೆ ಕೂರಿಸಿಕೊಂಡು ಮರದ ಬುಡಕ್ಕೇ ಹೋಗಿ ಹಣ್ಣನ್ನು ಕಂಡು ಬರುತ್ತದೆ. ಮೊಲ ಸುಳ್ಳು ಹೇಳಿಲ್ಲ, ಅದರ ಭಯ ನಿಜದ್ದು. ಸಿಂಹದ ಮಾತು ನಡೆದದ್ದು ಕಾಡಿಗೆ ಸಿಂಹದ ಮೇಲೆ ನಂಬಿಕೆ ಇದ್ದದ್ದಕ್ಕೆ. 1943ರ ನರಿ ಕೈ ಹಾಕಿದ್ದು ಸರಿಯಾಗಿ ಆ ನಂಬಿಕೆಗೇ. ಎರಡು ಕಥೆಗಳನ್ನು ಒಟ್ಟಿಗೆ ಇಟ್ಟು ಓದಿದರೆ ನಿಮ್ಮ ಚಿತ್ರಕ್ಕೆ ಬೇಕಾದ ಎಲುಬು ಸಿಗುತ್ತದೆ.

ಕರ್ನಾಟಕಕ್ಕೆ ಇದು ಬರೀ ಕಥೆಯಲ್ಲ. 2012ರ ಆಗಸ್ಟಿನಲ್ಲಿ ಎಸ್ಸೆಮ್ಮೆಸ್ ವದಂತಿಗಳಿಗೆ ಹೆದರಿ ಈಶಾನ್ಯ ರಾಜ್ಯಗಳ ಸಾವಿರಾರು ಜನ ಬೆಂಗಳೂರಿನಿಂದ ಗುವಾಹಟಿಯ ರೈಲು ಹತ್ತಿದರು. ವಿಶೇಷ ರೈಲುಗಳನ್ನೇ ಬಿಡಬೇಕಾಯಿತು, ಗುಂಪು ಎಸ್ಸೆಮ್ಮೆಸ್ಸಿಗೆ ಐದರ ಮಿತಿ ಬಂತು. 2018ರಲ್ಲಿ ಮಕ್ಕಳ ಕಳ್ಳರ ವದಂತಿ. ಆ ಜುಲೈನಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ, ಮಕ್ಕಳಿಗೆ ಚಾಕೊಲೇಟ್ ಕೊಟ್ಟದ್ದೇ ನೆಪವಾಗಿ ಹೈದರಾಬಾದಿನಿಂದ ಬಂದಿದ್ದವರನ್ನು ಗುಂಪು ಅಟ್ಟಿಸಿಕೊಂಡು ಹೋಗಿ ಹೊಡೆಯಿತು, ಒಬ್ಬ ಯುವಕ ಸತ್ತ. ಅದೇ ತಿಂಗಳು ವಾಟ್ಸಾಪ್ ಭಾರತದಲ್ಲಿ ಫಾರ್ವರ್ಡಿಗೆ ಮಿತಿ ಹಾಕಿತು, ಮತ್ತೆ ಐದೇ.

ಆ ವರ್ಷ ಹರಿದಾಡಿದ ವಿಡಿಯೋಗಳಲ್ಲಿ ಒಂದರ ಕಥೆ ನಿಮ್ಮಂಥವರು ಗೋಡೆಗೆ ಅಂಟಿಸಿಕೊಳ್ಳಬೇಕಾದದ್ದು. ಬೈಕಿನಲ್ಲಿ ಬಂದ ಇಬ್ಬರು ಬೀದಿಯಲ್ಲಿ ಆಡುತ್ತಿದ್ದ ಮಗುವನ್ನು ಎತ್ತಿಕೊಂಡು ಹೋಗುತ್ತಾರೆ. ಮೂಲದಲ್ಲಿ ಅದು ಪಾಕಿಸ್ತಾನದ ಕರಾಚಿಯಲ್ಲಿ ಮಕ್ಕಳ ಸುರಕ್ಷತೆಗಾಗಿ ಮಾಡಿದ ಜಾಗೃತಿ ಚಿತ್ರ. ಕೊನೆಯಲ್ಲಿ ಬೈಕಿನವರು ವಾಪಸ್ ಬಂದು ಮಗುವನ್ನು ಇಳಿಸಿ, ಎಚ್ಚರಿಕೆಯ ಫಲಕ ತೋರಿಸುತ್ತಾರೆ. ಯಾರೋ ಆ ಕೊನೆಯನ್ನು ಕತ್ತರಿಸಿದರು. ಒಳ್ಳೆಯ ಉದ್ದೇಶದ ಚಿತ್ರ, ಬಾಲ ಕತ್ತರಿಸಿದ ಕೂಡಲೇ, ಜನರನ್ನು ರೊಚ್ಚಿಗೆಬ್ಬಿಸುವ ಸುಳ್ಳಾಗಿ ನಮ್ಮ ಊರುಗಳಿಗೆ ಬಂತು.

ನಿಮ್ಮ ಸ್ಟೋರಿಬೋರ್ಡಿನ ಮೇಲೆ ನನ್ನ ಮೊದಲ ಆಕ್ಷೇಪ ಇಲ್ಲಿಂದ ಬರುತ್ತದೆ. ನಿರೂಪಕ ಎರಡೂವರೆ ನಿಮಿಷ ಸುಳ್ಳು ಹೇಳಿ, ಕೊನೆಯ ಅರ್ಧ ನಿಮಿಷದಲ್ಲಿ ಮುಖವಾಡ ಕಳಚುತ್ತಾನೆ. ಆ ಎರಡೂವರೆ ನಿಮಿಷವನ್ನು ಯಾರಾದರೂ ಕತ್ತರಿಸಿ ಸ್ಟೇಟಸ್ಸಿಗೆ ಹಾಕಿದರೆ? ಯಾವ ಹತ್ತು ಸೆಕೆಂಡನ್ನು ಕಿತ್ತುಕೊಂಡರೂ ಇದು ತಮಾಷೆ ಎಂದು ಆ ಹತ್ತು ಸೆಕೆಂಡಿಗೇ ಗೊತ್ತಾಗಬೇಕು. ಬಾಯಿಂದ ಕಾಗೆ ಹಾರುತ್ತಿದ್ದರೆ ಗೊತ್ತಾಗುತ್ತದೆ. ನಿಜವಾದ ಚಾನೆಲ್ಲಿನಂಥ ಗ್ರಾಫಿಕ್ಸು, ನಿಜವಾದ ಊರಿನ ಹೆಸರು, ತೆರೆಯ ಕೆಳಗೆ ಓಡುವ ನಿಜವೆನಿಸುವ ಟಿಕ್ಕರ್ ಹಾಕಿದರೆ ಗೊತ್ತಾಗುವುದಿಲ್ಲ. ಸುಳ್ಳು ಕೂಡ ಯಾರೂ ನಂಬಲಾರದಷ್ಟು ಅಸಂಬದ್ಧವಾಗಿರಲಿ: ಆಕಾಶ, ಎತ್ತಿನ ಕರು, ಅಂಥದ್ದು. ನಿಜವಾದ ಸಮುದಾಯದ ಮೇಲಿನ ನಿಜವಾದ ಸುಳ್ಳನ್ನು, ಖಂಡಿಸುವ ನೆಪದಲ್ಲಿ ಕೂಡ, ಮತ್ತೊಮ್ಮೆ ಹೇಳಬೇಡಿ. ಕಿವಿಗೆ ಎರಡು ಸಲ ಬಿದ್ದ ಮಾತು ಪರಿಚಯದ ಮಾತಾಗುತ್ತದೆ.

ಇದನ್ನು ಪೆಟ್ಟು ತಿಂದೇ ಕಲಿತೆ. ಬಹಳ ವರ್ಷಗಳ ಹಿಂದೆ ಒಂದು ಸಂಸ್ಥೆಗಾಗಿ ನಕಲಿ ಔಷಧಿಯ ವಿರುದ್ಧ ಚಿಕ್ಕ ಚಿತ್ರ ಮಾಡಿದ್ದೆ. ಖಳ ಒಬ್ಬ ಊರೂರು ತಿರುಗುವ ಪುಡಿ ಮಾರುವವ. ಅವನ ಮೀಸೆ, ನಡಿಗೆ, ತಾಳಕ್ಕೆ ಸರಿಯಾಗಿ ಬೀಳುವ ಮಾತು, ಎಲ್ಲಕ್ಕೂ ಜೀವ ಸುರಿದಿದ್ದೆ. ಅವನನ್ನು ಬಯಲಿಗೆಳೆಯುವ ಡಾಕ್ಟರನ್ನು ಅರ್ಧ ದಿನದಲ್ಲಿ ಬರೆದು ಮುಗಿಸಿದ್ದೆ. ಹಳ್ಳಿಯ ಶಾಲೆಯ ಅಂಗಳದಲ್ಲಿ ತೋರಿಸಿದಾಗ ಜನ ಬಿದ್ದು ಬಿದ್ದು ನಕ್ಕರು. ಮುಗಿದ ಮೇಲೆ ಹಿರಿಯರೊಬ್ಬರು ಪಕ್ಕಕ್ಕೆ ಕರೆದು ಕೇಳಿದರು, ‘ಅಪ್ಪಾ, ಆ ಪುಡಿ ಎಲ್ಲಿ ಸಿಗ್ತದೆ? ನನಗೂ ಮಂಡಿ ನೋವು.’ ಮಕ್ಕಳು ಅವನ ನಡಿಗೆಯನ್ನೇ ನಡೆಯುತ್ತ ಮನೆಗೆ ಹೋದರು. ನಿಮ್ಮ ನಾಲ್ವರಲ್ಲಿ ನಿರೂಪಕನನ್ನು ಯಾರು ಬರೆಯುತ್ತಿದ್ದೀರೋ ಅವರು ದಯವಿಟ್ಟು ಇದನ್ನು ಎರಡು ಸಲ ಓದಿ.

ಪರಿಣಾಮ ಆಗುತ್ತದೆಯೇ ಎಂದು ನೀವು ಕೇಳಿಲ್ಲ, ಆದರೆ ಪರೀಕ್ಷಕರು ಕೇಳುತ್ತಾರೆ. 2022ರಲ್ಲಿ ಕೇಂಬ್ರಿಡ್ಜ್ ವಿಶ್ವವಿದ್ಯಾಲಯದವರೂ ಗೂಗಲ್ಲಿನ ಜಿಗ್ಸಾ ತಂಡದವರೂ ಸೇರಿ ಸುಮಾರು ಒಂದೂವರೆ ನಿಮಿಷದ ಅನಿಮೇಷನ್‌ಗಳನ್ನು ಯೂಟ್ಯೂಬಿನಲ್ಲಿ ಜಾಹೀರಾತಿನ ಜಾಗದಲ್ಲಿ ತೋರಿಸಿ ನೋಡಿದರು. ಯಾವ ಸುದ್ದಿ ಸುಳ್ಳು ಎಂದು ಅವು ಹೇಳಲಿಲ್ಲ. ಭಾವನೆ ಕೆರಳಿಸುವುದು, ಇದೋ ಅದೋ ಎಂದು ಎರಡೇ ದಾರಿ ತೋರಿಸುವುದು, ಇಂಥ ವರಸೆಗಳನ್ನು ತೋರಿಸಿದವು. ನೋಡಿದವರಲ್ಲಿ ಆ ವರಸೆಯನ್ನು ಗುರುತಿಸುವವರು ಸರಾಸರಿ 5 ಪ್ರತಿಶತದಷ್ಟು ಹೆಚ್ಚಿದರು. ದೊಡ್ಡ ಸಂಖ್ಯೆಯಲ್ಲ. ಸಿಡುಬಿಗೆ ಮುಂಚೆಯೇ ಚುಚ್ಚುಮದ್ದು ಹಾಕಿದ ಹಾಗೆ ಎಂದು ಆ ಸಂಶೋಧಕರ ವಾದ. ನನಗೆ ಇದರಲ್ಲಿ ಕಾಣುವುದು ಹಳೆಯ ನರಿಯ ಪುಸ್ತಕವೇ, ಪುಟ ಪುಟವಾಗಿ ಗಟ್ಟಿಯಾಗಿ ಓದಿ ಹೇಳಿದ್ದು.

ಹಾಗಾದರೆ ನಿರೂಪಕನನ್ನು ಎಲ್ಲಿ ಕೂರಿಸುವುದು? ನಾನು ನಿಮ್ಮ ಜಾಗದಲ್ಲಿದ್ದರೆ ಅಡುಗೆಮನೆಯಿಂದ ಶುರು ಮಾಡುತ್ತಿದ್ದೆ. ಚಿಕ್ಕಮ್ಮ ಒಗ್ಗರಣೆ ಹಾಕುತ್ತಿದ್ದಾರೆ, ಸಾಸಿವೆ ಸಿಡಿಯುತ್ತಿದೆ, ಫೋನು ಟಿಂಗ್ ಅನ್ನುತ್ತದೆ. ಸುದ್ದಿ ಸಪ್ಪೆ. ಅವರು ಅದಕ್ಕೂ ಒಂದು ಚಮಚ ಒಗ್ಗರಣೆ ಹಾಕಿ, ಅರಿಶಿನದ ಹೆಬ್ಬೆರಳಿನಿಂದ ಮುಂದಕ್ಕೆ ತಳ್ಳುತ್ತಾರೆ. ಫೋನಿನ ಗಾಜಿನ ಮೇಲೆ ಹಳದಿ ಗುರುತು. ಆ ಗುರುತು ಭಾವನ ಫೋನಿನಲ್ಲಿ ಕಾಣಿಸುತ್ತದೆ, ಅವರು ಇಂಗು ಸೇರಿಸುತ್ತಾರೆ. ಮೇಷ್ಟ್ರು, ಡಾಕ್ಟರು, ಆಮೇಲೆ ಹಾಸ್ಟೆಲಿನಲ್ಲಿ ಕೂತು ಸುಳ್ಳುಸುದ್ದಿಯ ಬಗ್ಗೆ ಅನಿಮೇಷನ್ ಮಾಡುತ್ತಿರುವ ನಾಲ್ವರು ಹುಡುಗಿಯರು. ಅವರಲ್ಲೊಬ್ಬಳು, ‘ಪಾಪ, ನಿಜ ಇರಬಹುದೇನೋ, ಎಚ್ಚರಿಕೆಗೆ ಇರಲಿ’ ಅನ್ನುತ್ತ ತಾನೂ ಒತ್ತುತ್ತಾಳೆ. ಚಿಕ್ಕಮ್ಮನನ್ನು ಮಾತ್ರ ಗೇಲಿ ಮಾಡಿ ಬಿಟ್ಟರೆ ನೀವೂ ಡೊನಾಲ್ಡನ ಬೊಂಬೆಯನ್ನೇ ತಬ್ಬಿಕೊಂಡ ಹಾಗೆ.

ನಿರೂಪಕ ಬರುವುದು ಇಷ್ಟೆಲ್ಲ ಆದ ಮೇಲೆ, ಎರಡು ನಿಮಿಷ ಹತ್ತನೇ ಸೆಕೆಂಡಿನ ಹೊತ್ತಿಗೆ. ಬಿಳಿ ಅಂಗಿ, ಕೋಟು, ಟೈ. ಬಾಯಿ ತೆರೆಯುವ ಮುಂಚೆ ಟೈ ಸರಿಮಾಡಿಕೊಳ್ಳುತ್ತಾನೆ, ಟೈ ಮೇಲೆ ಹಳದಿ ಹೆಬ್ಬೆರಳ ಗುರುತು. ಆ ಫ್ರೇಮನ್ನು ಕನಿಷ್ಠ ಹದಿನೆಂಟು ಫ್ರೇಮಿನಷ್ಟು ಹೊತ್ತು ನಿಲ್ಲಿಸಿ, ಇಲ್ಲದಿದ್ದರೆ ಮೊಬೈಲಿನಲ್ಲಿ ನೋಡುವವರ ಕಣ್ಣಿಗೆ ಬೀಳುವುದಿಲ್ಲ. ಹಿನ್ನೆಲೆಯಲ್ಲಿ ಸಂಗೀತ ಬೇಡ, ಸಾಸಿವೆ ಸಿಡಿಯುವ ಸದ್ದು ಸಾಕು. ಅನಿಮ್ಯಾಟಿಕ್, ಅಂದರೆ ಸ್ಟೋರಿಬೋರ್ಡನ್ನು ಹೊತ್ತಿಗೆ ತಕ್ಕಂತೆ ಜೋಡಿಸಿದ ಕರಡು ಚಿತ್ರ, ಸಿದ್ಧವಾದ ಮೇಲೆ ಕಳಿಸಿ. ಅದರಲ್ಲಿ ಯಾವುದಾದರೂ ಹತ್ತು ಸೆಕೆಂಡು ಕತ್ತರಿಸಿ ವಾಪಸ್ ಕಳಿಸುತ್ತೇನೆ.